ನಾದಶೇಷ ಮತ್ತು ಕಾಲಸಂಕೋಚ: ಬ್ಯಾಲರ್ಡನ ಒಂದು ಕಥೆಯ ಕಲ್ಪಿತ ಧ್ವನಿವಿಜ್ಞಾನ

ವಿಜ್ಞಾನಕಥೆಗಳನ್ನು ಓದುವವರಲ್ಲಿ ಎರಡು ಬಗೆಯವರುಂಟು. ಕಥೆಯಲ್ಲಿ ಬರುವ ಸಿದ್ಧಾಂತವನ್ನು ಭೌತಶಾಸ್ತ್ರದ ತಕ್ಕಡಿಯಲ್ಲಿಟ್ಟು ತೂಗಿ, ಅದು ಸುಳ್ಳೆಂದು ಕಂಡೊಡನೆ ಕಥೆಯನ್ನೂ ಬದಿಗಿಡುವವರು ಒಂದು ಬಗೆ. ಸಿದ್ಧಾಂತವೇನೋ ಬರಿಯ ವೇಷಭೂಷಣ, ಒಳಗಿರುವ ಮಾನವಕಥೆಯಷ್ಟೇ ನಮಗೆ ಮುಖ್ಯವೆಂದು ಅದನ್ನು ಓದದೆಯೇ ದಾಟುವವರು ಇನ್ನೊಂದು ಬಗೆ. ಇಬ್ಬರೂ ಬಿಟ್ಟುಬಿಡುವುದು ಒಂದನ್ನೇ. ಕವಿಕಲ್ಪಿತವಾದ ಒಂದು ಶಾಸ್ತ್ರವು ಕಥೆಯ ವಸ್ತುವಿನಷ್ಟೇ, ಪಾತ್ರಗಳಷ್ಟೇ ಕೃತಿಯ ಅಂಗವಾದುದು. ಅದನ್ನು ಕುರಿತು ಕೇಳತಕ್ಕ ಪ್ರಶ್ನೆ ‘ಇದು ನಿಜವೇ?’ ಎಂಬುದಲ್ಲ, ‘ಇದು ತನ್ನೊಳಗೆ ತಾನು ಸಂಗತವಾಗಿದೆಯೇ? ಇದಿಲ್ಲದಿದ್ದರೆ ಹೇಳಲಾಗದಿದ್ದ ಯಾವ ಮಾತನ್ನು ಇದು ಹೇಳಗೊಡುತ್ತದೆ?’ ಎಂಬುದು. ಜೆ. ಜಿ. ಬ್ಯಾಲರ್ಡನು 1960ರಲ್ಲಿ ಪ್ರಕಟಿಸಿದ ‘ದಿ ಸೌಂಡ್-ಸ್ವೀಪ್’ ಎಂಬ ನೀಳ್ಗತೆಯನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಪ್ರಕೃತ ಲೇಖನದ ಉದ್ದೇಶ.

ಬ್ಯಾಲರ್ಡನು 1930ರಲ್ಲಿ ಶಾಂಘೈ ನಗರದಲ್ಲಿ ಹುಟ್ಟಿ, ಯುದ್ಧಕಾಲದಲ್ಲಿ ಜಪಾನೀಯರ ಬಂಧನಶಿಬಿರದಲ್ಲಿ ಬಾಲ್ಯದ ಕೆಲವು ವರ್ಷಗಳನ್ನು ಕಳೆದು, ಮುಂದೆ ಇಂಗ್ಲೆಂಡಿನಲ್ಲಿ ನೆಲಸಿ, 2009ರಲ್ಲಿ ತೀರಿಕೊಂಡ ಲೇಖಕ. ಪ್ರಸ್ತುತ ಕಥೆ ‘ಸೈನ್ಸ್ ಫ್ಯಾಂಟಸಿ’ ಎಂಬ ಆಂಗ್ಲ ಪತ್ರಿಕೆಯಲ್ಲಿ ಮೊದಲು ಬಂದು, 1963ರ ಅವನ ಸಂಕಲನವೊಂದರಲ್ಲಿ ಸೇರಿತು. ಶೀರ್ಷಿಕೆಯನ್ನು ‘ಸದ್ದು ಗುಡಿಸುವವ’ ಎಂದು ಕನ್ನಡಿಸಬಹುದು. ಹೊಗೆಗೂಡಿನ ಮಸಿ ಗುಡಿಸುತ್ತಿದ್ದ ಹಳೆಯ ಲಂಡನ್ನಿನ ಕೂಲಿಯವನ ಹೆಸರಿನ ಮೇಲೆ ಕಟ್ಟಿದ ಮಾತು ಅದು. ಕಥಾನಾಯಕ ಮ್ಯಾಂಗನ್ ಒಬ್ಬ ಮೂಕ. ಎಳವೆಯಲ್ಲಿ ಅಳು ನಿಲ್ಲಿಸಲೆಂದು ತಾಯಿ ಗಂಟಲಿಗೆ ಹೊಡೆದ ಪೆಟ್ಟಿನಿಂದ ಅವನ ಮಾತು ಹೋಗಿದೆ. ‘ಸೋನೊವ್ಯಾಕ್’ ಎಂಬ ಯಂತ್ರವನ್ನು ಹಿಡಿದು ಮನೆಗಳ ಗೋಡೆಗಳಲ್ಲಿ ಹಿಂಗಿ ಕುಳಿತ ಹಳೆಯ ಸದ್ದುಗಳನ್ನು ಹೀರಿ ತೆಗೆಯುವುದು ಅವನ ಕಸುಬು. ಮೇಡಂ ಜೊಕಾಂಡಾ ಎಂಬಾಕೆ ಒಂದು ಕಾಲದ ಮಹಾಗಾಯಕಿ. ಈಗ ಪಾಳುಬಿದ್ದ ರೇಡಿಯೋ ನಿಲಯವೊಂದರ ರಂಗಸಜ್ಜಿನ ನಡುವೆ ಮದ್ಯ ಮತ್ತು ಮಾದಕದ್ರವ್ಯಗಳ ಆಸರೆಯಲ್ಲಿ ಬದುಕುತ್ತಿದ್ದಾಳೆ. ಜನ ಕಿವಿಗೆ ಕೇಳುವ ಸಂಗೀತವನ್ನು ಬಿಟ್ಟು ಶ್ರವಣಾತೀತ ಸಂಗೀತಕ್ಕೆ ಒಲಿದಿರುವುದೇ ಆಕೆಯ ಪತನಕ್ಕೆ ಕಾರಣ.

ಇಷ್ಟರಲ್ಲಿಯೇ ಎರಡು ಕಲ್ಪಿತ ಸಿದ್ಧಾಂತಗಳು ಅಡಗಿರುವುದನ್ನು ಗಮನಿಸಬೇಕು. ಮೊದಲನೆಯದನ್ನು ನಾದಶೇಷವಾದವೆಂದೂ ಎರಡನೆಯದನ್ನು ಕಾಲಸಂಕೋಚವಾದವೆಂದೂ ಕರೆಯೋಣ. ಹುಟ್ಟಿದ ಸದ್ದು ಅಳಿಯುವುದಿಲ್ಲ, ವಸ್ತುಗಳ ಮೈಯಲ್ಲಿ ಪದರಪದರವಾಗಿ ಉಳಿಯುತ್ತದೆ ಎಂಬುದು ಮೊದಲನೆಯದು. ಸಂಗೀತಕ್ಕೆ ಕಾಲ ಬೇಕಾಗಿಯೇ ಇಲ್ಲ, ಅದನ್ನು ಕೆಲವು ಸೆಕೆಂಡುಗಳಲ್ಲಿ ಮುದುಡಿ ನೇರವಾಗಿ ಮಿದುಳಿಗೆ ಮುಟ್ಟಿಸಬಹುದು ಎಂಬುದು ಎರಡನೆಯದು. ಒಂದರಲ್ಲಿ ಸದ್ದಿಗೆ ಕೊನೆಯಿಲ್ಲ. ಇನ್ನೊಂದರಲ್ಲಿ ಅದಕ್ಕೆ ಅವಧಿಯೇ ಇಲ್ಲ. ಒಂದೇ ಲೋಕದಲ್ಲಿ ಇವೆರಡನ್ನೂ ಇಟ್ಟುದರಲ್ಲಿಯೇ ಬ್ಯಾಲರ್ಡನ ಜಾಣ್ಮೆಯೆಲ್ಲ ಇದೆಯೆಂದು ನನ್ನ ಅಭಿಪ್ರಾಯ.

ನಾದಶೇಷದ ಕಲ್ಪನೆ ಹೊಸದಲ್ಲ. ಚಳಿಗೆ ಹೆಪ್ಪುಗಟ್ಟಿದ ಮಾತುಗಳು ಬೇಸಗೆಯಲ್ಲಿ ಕರಗಿ ಕೇಳಿಸುವ ಊರಿನ ಕಥೆಯನ್ನು ಪ್ಲುಟಾರ್ಕನು ಹೇಳುತ್ತಾನೆ; 1552ರಲ್ಲಿ ಪೂರ್ಣವಾಗಿ ಹೊರಬಂದ ರ‍್ಯಾಬಲೇಯ ನಾಲ್ಕನೆಯ ಪುಸ್ತಕದಲ್ಲಿ ಹಿಂದಿನ ಚಳಿಗಾಲದ ಯುದ್ಧವೊಂದರ ಕೂಗಾಟ ಕಡಲ ಮೇಲೆ ಕರಗಿ ನಾವಿಕರ ಕಿವಿಗೆ ಬೀಳುತ್ತದೆ. ಇವು ವಿನೋದಗಳು. ಗಂಭೀರವಾಗಿ ಇದನ್ನು ಎತ್ತಿದವನು ಗಣನಯಂತ್ರದ ಜನಕನೆಂದು ನಾವೆಲ್ಲ ಬಲ್ಲ ಚಾರ್ಲ್ಸ್ ಬ್ಯಾಬೇಜ್. 1837ರ ತನ್ನ ಗ್ರಂಥವೊಂದರಲ್ಲಿ ಅವನು ವಾದಿಸಿದುದು ಇದು: ಬಾಯಿಂದ ಹೊರಟ ಮಾತು ವಾಯುಕಣಗಳಿಗೆ ಕೊಟ್ಟ ಚಲನೆ ನಾಶವಾಗುವುದಿಲ್ಲ, ಇಪ್ಪತ್ತು ಗಂಟೆಗಳೊಳಗಾಗಿ ವಾತಾವರಣದ ಪ್ರತಿಯೊಂದು ಕಣವೂ ಆ ಮಾತಿನ ಪಾಲನ್ನು ಪಡೆದಿರುತ್ತದೆ, ಆದುದರಿಂದ ಗಾಳಿಯೆಂಬುದು ಆಡಿದ ಮಾತುಗಳೆಲ್ಲ ಬರೆದಿಟ್ಟ ಒಂದು ಮಹಾಗ್ರಂಥಾಲಯ, ಸಾಕಷ್ಟು ಗಣಿತಶಕ್ತಿಯುಳ್ಳವನು ಅದನ್ನು ಓದಬಲ್ಲನು. ನ್ಯೂಟನ್ನನ ಚಲನಶಾಸ್ತ್ರವೊಂದನ್ನೇ ನಂಬಿ ನಡೆದರೆ ಈ ವಾದವನ್ನು ಮುರಿಯುವುದು ಸುಲಭವಲ್ಲ. ಮುಂದಿನ ಎರಡು ದಶಕಗಳಲ್ಲಿ ಬೆಳೆದ ಉಷ್ಣಚಲನಶಾಸ್ತ್ರವು ಅದನ್ನು ಮುರಿಯಿತು. ಸದ್ದಿನ ಶಕ್ತಿ ಉಳಿಯುತ್ತದೆ, ನಿಜ. ಆದರೆ ಅದು ಶಾಖವಾಗಿ ಉಳಿಯುತ್ತದೆ, ಮಾತಾಗಿ ಅಲ್ಲ.

ಈ ಅಳಿವಿಗೆ ಅಳತೆಯನ್ನು ಕೊಟ್ಟವನು ಹಾರ್ವರ್ಡ್ ವಿಶ್ವವಿದ್ಯಾನಿಲಯದ ವ್ಯಾಲೇಸ್ ಸೇಬೀನ್. 1895ರಲ್ಲಿ, ಅಲ್ಲಿಯ ಒಂದು ಉಪನ್ಯಾಸಮಂದಿರದಲ್ಲಿ ಆಡಿದ ಮಾತು ಐದೂವರೆ ಸೆಕೆಂಡುಗಳಷ್ಟು ಕಾಲ ಅನುರಣಿಸಿ ಮುಂದಿನ ಮಾತನ್ನು ನುಂಗಿಹಾಕುತ್ತಿತ್ತು. ಬೇರೊಂದು ನಾಟಕಮಂದಿರದಿಂದ ಪೀಠಗಳ ಮೆತ್ತೆಗಳನ್ನು ರಾತ್ರಿ ಹೊತ್ತು ತರಿಸಿ, ಒಂದೊಂದಾಗಿ ಹರಡುತ್ತ, ಸದ್ದು ತಗ್ಗುವ ಕಾಲವನ್ನು ಅವನು ಅಳೆದನು. ಸದ್ದಿನ ಶಕ್ತಿ ಹತ್ತು ಲಕ್ಷದಲ್ಲೊಂದು ಪಾಲಿಗೆ ಇಳಿಯಲು ಬೇಕಾದ ಕಾಲವೇ ಕೋಣೆಯ ಅನುರಣನಕಾಲ. ಅದು ಕೋಣೆಯ ಗಾತ್ರಕ್ಕೆ ಅನುಪಾತವಾಗಿ ಹೆಚ್ಚುತ್ತದೆ, ಗೋಡೆ ಮತ್ತು ಸಾಮಾನುಗಳ ಹೀರುವ ಶಕ್ತಿಗೆ ವಿಲೋಮವಾಗಿ ತಗ್ಗುತ್ತದೆ. ಗೋಡೆಗಳು ಸದ್ದನ್ನು ಹೀರುತ್ತವೆ ಎಂಬ ಮಾತು ಹೀಗೆ ವಿಜ್ಞಾನದಲ್ಲಿಯೂ ಉಂಟು. ಬ್ಯಾಲರ್ಡನು ಮಾಡಿದುದಿಷ್ಟೆ: ‘ಹೀರುವುದು’ ಎಂಬ ಕ್ರಿಯಾಪದವನ್ನು ಅಕ್ಷರಶಃ ತೆಗೆದುಕೊಂಡನು. ಹೀರಿದ್ದು ಹೋಗುವುದಿಲ್ಲ, ಹಿಂಡಿದರೆ ಬರುತ್ತದೆ! ಒಂದು ಪಾರಿಭಾಷಿಕ ಶಬ್ದದ ವಾಚ್ಯಾರ್ಥವನ್ನು ಹಟ ಹಿಡಿದು ನಂಬಿ ಅದರ ಮೇಲೆ ಒಂದು ಲೋಕವನ್ನು ಕಟ್ಟುವುದು ಈ ಸಾಹಿತ್ಯಪ್ರಕಾರದ ಮುಖ್ಯವಾದ ರಚನಾತಂತ್ರಗಳಲ್ಲೊಂದು.

ನಮ್ಮ ಓದುಗರಿಗೆ ಇಲ್ಲಿ ಶಬ್ದನಿತ್ಯತೆಯ ಚರ್ಚೆ ನೆನಪಾಗದಿರದು. ಆದರೆ ಹೋಲಿಕೆಯನ್ನು ಜಾಗರೂಕತೆಯಿಂದ ಮಾಡಬೇಕು. ಮೀಮಾಂಸಕರು ಶಬ್ದವು ನಿತ್ಯ, ಉಚ್ಚಾರಣೆ ಅದನ್ನು ಹುಟ್ಟಿಸುವುದಿಲ್ಲ, ವ್ಯಕ್ತಪಡಿಸುತ್ತದೆ ಎನ್ನುವಾಗ ಅವರ ಮನಸ್ಸಿನಲ್ಲಿರುವುದು ಯಾರು ಯಾವಾಗ ನುಡಿದರೂ ಅದೇ ಆಗಿರುವ ವರ್ಣ. ಒಬ್ಬ ಗೃಹಸ್ಥನು ಒಂದು ಸಂಜೆ ಹೆಂಡತಿಯನ್ನು ಗದರಿದ ಆ ಗದರಿಕೆಯಲ್ಲ. ಮ್ಯಾಂಗನ್ನನ ಯಂತ್ರಕ್ಕೆ ಸಿಕ್ಕುವುದು ಗದರಿಕೆಯೇ. ನೈಯಾಯಿಕರಂತೂ ಶಬ್ದವನ್ನು ಆಕಾಶದ ಗುಣವೆಂದೂ ನೀರಿನ ಅಲೆಯಿಂದ ಅಲೆ ಹುಟ್ಟುವಂತೆ ಹುಟ್ಟಿ ಅಳಿಯುವುದೆಂದೂ ಹೇಳಿ ಸೇಬೀನನ ಪಕ್ಷಕ್ಕೆ ಸಮೀಪದಲ್ಲಿ ನಿಲ್ಲುತ್ತಾರೆ. ಬ್ಯಾಲರ್ಡನ ಗೋಡೆಗಳಿಗೆ ಹತ್ತಿರದ ನೆಂಟರೆಂದರೆ ಜೈನರು. ಅವರ ಮತದಲ್ಲಿ ಶಬ್ದವು ಪುದ್ಗಲದ ಪರ್ಯಾಯ, ಅಂದರೆ ದ್ರವ್ಯಸಂಬಂಧವಾದುದು. ಹದಿಮೂರನೆಯ ಶತಮಾನದ ನಮ್ಮ ವೈಯಾಕರಣ ಕೇಶಿರಾಜನು ‘ಶಬ್ದಮಣಿದರ್ಪಣ’ದಲ್ಲಿ ಶಬ್ದದ್ರವ್ಯವು ನಾಭಿಮೂಲದಿಂದ ಗಾಳಿಯ ನೆರವಿನಿಂದ ಕಹಳೆಯ ಹಾಗೆ ಹೊಮ್ಮುವುದೆಂದು ಹೇಳಿ, ಅದರ ಬಣ್ಣ ಬಿಳುಪೆಂದು ಸೇರಿಸುವುದು ಈ ಮತಕ್ಕನುಗುಣವಾಗಿಯೇ. ಬಣ್ಣವುಳ್ಳದ್ದು ಅಂಟಿಕೊಳ್ಳಲೂಬಹುದು, ಗುಡಿಸಲೂಬಹುದು. ಬ್ಯಾಲರ್ಡನಿಗೆ ಇದಾವುದೂ ತಿಳಿದಿತ್ತೆಂದು ನನ್ನ ಅಭಿಪ್ರಾಯವಲ್ಲ. ಸದ್ದು ದ್ರವ್ಯವೆಂದು ಒಮ್ಮೆ ಒಪ್ಪಿದರೆ ಮುಂದಿನ ಹೆಜ್ಜೆಗಳು ಎಲ್ಲಿಯಾದರೂ ಒಂದೇ ಆಗುತ್ತವೆಂಬುದನ್ನಷ್ಟೇ ಇಲ್ಲಿ ತೋರಿಸಬೇಕಾಗಿದೆ.

ಇನ್ನು ಈ ಸಿದ್ಧಾಂತ ಕಥೆಯಲ್ಲಿ ಮಾಡುವ ಕೆಲಸವನ್ನು ನೋಡೋಣ. ಜೊಕಾಂಡಾಳಿಗೆ ರಾತ್ರಿಗಳಲ್ಲಿ ಚಪ್ಪಾಳೆ ಕೇಳಿಸುತ್ತದೆ. ಅದು ಕೂಗಾಟವಾಗಿ, ಅಪಹಾಸ್ಯವಾಗಿ ಮಾರ್ಪಟ್ಟು ಆಕೆಯನ್ನು ಹಿಂಸಿಸುತ್ತದೆ. ಗೋಡೆಗಳಲ್ಲಿ ಉಳಿದ ಸದ್ದೆಂದು ತಿಳಿದು ಆಕೆ ಮ್ಯಾಂಗನ್ನನನ್ನು ಕರೆಸುತ್ತಾಳೆ. ಮೂಕನಾದ್ದರಿಂದಲೇ ಅಸಾಧಾರಣವಾಗಿ ಸೂಕ್ಷ್ಮವಾದ ಕಿವಿಯುಳ್ಳ ಅವನಿಗೆ ಅಲ್ಲಿ ಅಂಥದೇನೂ ಇಲ್ಲವೆಂದು ಗೊತ್ತು. ಆದರೂ ಯಂತ್ರವನ್ನು ಆಡಿಸಿ ಗುಡಿಸಿದಂತೆ ನಟಿಸುತ್ತಾನೆ, ಆಕೆಗೆ ಸಮಾಧಾನವಾಗುತ್ತದೆ. ಸಾಮಾನ್ಯ ಲೋಕದ ಕಥೆಯೊಂದರಲ್ಲಿ ಇಂಥ ಭ್ರಮೆ ಭ್ರಮೆಯೇ; ಹಳೆಯ ಚಪ್ಪಾಳೆ ಕೇಳುತ್ತಿದೆಯೆಂದರೆ ಯಾರೂ ಪರೀಕ್ಷಿಸಹೋಗುವುದಿಲ್ಲ. ಭೂತಕಾಲದ ಸದ್ದುಗಳು ನಿಜವಾಗಿಯೂ ಗೋಡೆಯಲ್ಲಿ ಉಳಿಯುವ ಲೋಕದಲ್ಲಿ ಮಾತ್ರ ‘ನಿನ್ನ ಚಪ್ಪಾಳೆ ಇಲ್ಲಿಲ್ಲ’ ಎಂಬುದು ಪರೀಕ್ಷಿಸಿ ತಿಳಿದ ಸತ್ಯವಾಗುತ್ತದೆ, ಅದನ್ನು ಬಲ್ಲವನು ಅದನ್ನು ಮುಚ್ಚಿಡುವುದು ಕರುಣೆಯಾಗುತ್ತದೆ. ಎಲ್ಲರ ಜಗಳಗಳೂ ಕುಡಿತದ ಹರಟೆಗಳೂ ಸುಣ್ಣದ ಗೋಡೆಯಲ್ಲಿ ಭದ್ರವಾಗಿರುವ ಊರಿನಲ್ಲಿ ಒಬ್ಬ ಮಹಾಗಾಯಕಿಯನ್ನು ಕಾಡುವ ಮೆಚ್ಚುಗೆ ಎಲ್ಲಿಯೂ ಉಳಿದಿಲ್ಲ. ಕಲ್ಪಿತವಿಜ್ಞಾನವೊಂದು ಸ್ಮೃತಿಗೂ ದಾಖಲೆಗೂ ಇರುವ ಅಂತರವನ್ನು ಇಷ್ಟು ನಿಷ್ಠುರವಾಗಿ ತೋರಿಸಿಕೊಟ್ಟ ಉದಾಹರಣೆ ವಿರಳ.

ಕಾಲಸಂಕೋಚವಾದದ ಕಡೆಗೆ ಬಂದರೆ ನೆಲ ಇಷ್ಟು ಗಟ್ಟಿಯಲ್ಲ. ಶ್ರವಣಾತೀತ ಸಂಗೀತವು ಕಿವಿಯ ಹಂಗಿಲ್ಲದೆ ಮಿದುಳಿನ ಶ್ರವಣಭಾಗಕ್ಕೆ ನೇರವಾಗಿ ಲಯ, ಮಾಧುರ್ಯಗಳ ಅನುಭವವನ್ನು ಕೊಡುವುದೆಂದು ಕಥೆ ಹೇಳುತ್ತದೆ. ನಿಮಿಷಕ್ಕೆ 900 ಸುತ್ತು ತಿರುಗುವ ತಟ್ಟೆಗಳಲ್ಲಿ ಬೆಥೋವನ್ನನ ಮುಕ್ಕಾಲು ಗಂಟೆಯ ಸಿಂಫೊನಿ 20 ಸೆಕೆಂಡಿಗೆ ಇಳಿದಿದೆ. ವಾಗ್ನರನ ಮೂರು ಗಂಟೆಯ ಗೀತನಾಟಕ ಎರಡು ನಿಮಿಷಕ್ಕಿಂತ ತುಸು ಹೆಚ್ಚಿನ ಅವಧಿಗೆ ಇಳಿದಿದೆ. 1948ರಲ್ಲಿ ಅಮೆರಿಕದ ಪೇಟೆಗೆ ಬಂದ, ನಿಮಿಷಕ್ಕೆ 33⅓ ಸುತ್ತಿನ ದೀರ್ಘವಾದನದ ತಟ್ಟೆಗಳನ್ನು ಅಣಕಿಸಿ ಈ ‘ಹ್ರಸ್ವವಾದನ’ದ ತಟ್ಟೆಗಳನ್ನು ಕಲ್ಪಿಸಿರುವುದು ಸ್ಪಷ್ಟ. ಆದರೆ ಲೆಕ್ಕ ಕೂಡುವುದಿಲ್ಲ. ಸಿಂಫೊನಿಯ ಸಂಕೋಚ 135 ಪಾಲು. ಗೀತನಾಟಕದ್ದು 90 ಪಾಲಿಗೂ ಕಡಮೆ. 33⅓ರಿಂದ 900ಕ್ಕೆ ಏರಿದ ವೇಗವಾದರೋ 27 ಪಾಲು ಮಾತ್ರ, ಆ ಲೆಕ್ಕದಲ್ಲಿ ಸಿಂಫೊನಿಗೆ 100 ಸೆಕೆಂಡು ಬೇಕು. ಇದಕ್ಕಿಂತ ಮುಖ್ಯವಾದ ತೊಡಕು ಇನ್ನೊಂದಿದೆ. ಧ್ವನಿಮುದ್ರಣವನ್ನು 135 ಪಾಲು ವೇಗವಾಗಿ ತಿರುಗಿಸಿದರೆ ಸೆಕೆಂಡಿಗೆ 440 ಕಂಪನಗಳ ಸ್ವರವು 59,400 ಕಂಪನಗಳದ್ದಾಗಿ ಕಿವಿಯಿಂದಾಚೆಗೆ ಹೋಗುವುದು ನಿಜ. ಮನುಷ್ಯನ ಶ್ರವಣದ ಮೇಲಿನ ಎಲ್ಲೆ ಸುಮಾರು 20,000. ಆದರೆ ಪಿಯಾನೊ ವಾದ್ಯದ ಅತಿ ಮಂದ್ರಸ್ವರಕ್ಕೆ 27.5 ಕಂಪನಗಳಷ್ಟೇ, ಅದು ಏರಿ 3,700ರ ಸುಮಾರಿಗೆ ಬಂದು, ಸೀಟಿಯಂತೆ ಚೆನ್ನಾಗಿ ಕೇಳಿಸುತ್ತದೆ. ಅಂದರೆ 148ಕ್ಕಿಂತ ಕೆಳಗಿನ ಸ್ವರಗಳೆಲ್ಲ ಕಿವಿಯೊಳಗೇ ಉಳಿದು ಚೀರುತ್ತವೆ. ಕಥೆಗಾರನ ಪರವಾಗಿ ಹೇಳಬಹುದಾದುದೆಂದರೆ ಅವನು ಬರಿಯ ವೇಗವನ್ನು ನಂಬಿಲ್ಲ. ಹಳೆಯ ಕೃತಿಗಳನ್ನು ಶ್ರವಣಾತೀತ ವಾದ್ಯಗಳಿಗಾಗಿ ಹೊಸದಾಗಿ ಅಳವಡಿಸಲಾಗಿದೆ ಎನ್ನುತ್ತಾನೆ. ಹಾಗೆ ಅಳವಡಿಸಿದುದು ಬೆಥೋವನ್ನನ ಸಿಂಫೊನಿಯೋ ಅದರ ಅನುವಾದವೋ ಎಂಬ ಪ್ರಶ್ನೆಯನ್ನು ಕಥೆಯೊಳಗಿನವರು ಯಾರೂ ಕೇಳುವುದಿಲ್ಲ. ಗಣಿತದ ತಪ್ಪಿಗಿಂತ ಇದು ದೊಡ್ಡ ಲೋಪ.

ವೇಗ ಬದಲಾದರೆ ಹಾಡಿದವನೇ ಬದಲಾಗಿಬಿಡಬಹುದೆಂಬುದಕ್ಕೆ ಕಥೆ ಬಂದ ಎಷ್ಟೋ ಕಾಲದ ಮೇಲೆ ಒಂದು ನೈಜ ನಿದರ್ಶನ ದೊರೆಯಿತು. ಫ್ರಾನ್ಸಿನ ಸ್ಕಾಟ್ ದ ಮಾರ್ತಿನ್ವೀಲ್ ಎಂಬಾತನು 1860ರಲ್ಲಿ, ಎಡಿಸನ್ನನ ಫೊನೋಗ್ರಾಫಿಗೆ 17 ವರ್ಷ ಮೊದಲೇ, ಮಸಿ ಹಿಡಿಸಿದ ಕಾಗದದ ಮೇಲೆ ಸದ್ದಿನ ಅಲೆಗಳ ಗೆರೆಯನ್ನು ಮೂಡಿಸಿದ್ದನು. ಅದು ನೋಡಲಿಕ್ಕೆ ಬರೆದುದು, ಕೇಳಲಿಕ್ಕಲ್ಲ. 2008ರಲ್ಲಿ ಅಮೆರಿಕದ ಸಂಶೋಧಕರು ಆ ಗೆರೆಯನ್ನು ಗಣಕಯಂತ್ರದ ನೆರವಿನಿಂದ ಸದ್ದಾಗಿಸಿದಾಗ ಜಾನಪದಗೀತೆಯೊಂದರ ತುಣುಕು ಕೇಳಿಸಿತು. ಹಾಡಿದುದು ಹೆಣ್ಣಿನ ಅಥವಾ ಮಗುವಿನ ಧ್ವನಿಯೆಂದು ಲೋಕವೆಲ್ಲ ತಿಳಿಯಿತು. ಮರುವರ್ಷ ಅವರೇ ಅದು ಇಮ್ಮಡಿ ವೇಗದಲ್ಲಿ ನುಡಿದಿತ್ತೆಂದು ಕಂಡುಕೊಂಡರು. ಅರ್ಧ ವೇಗಕ್ಕೆ ಇಳಿಸಿದಾಗ ಒಬ್ಬ ಗಂಡಸು, ಬಹುಶಃ ಸ್ಕಾಟನೇ, ಅತಿ ನಿಧಾನವಾಗಿ ಹಾಡುತ್ತಿರುವುದು ಕೇಳಿಸಿತು. ಬರಿಯ ಎರಡು ಪಾಲಿನ ವ್ಯತ್ಯಾಸ ಇಷ್ಟು ಮಾಡಬಲ್ಲುದಾದರೆ 135 ಪಾಲಿನ ಮಾತೇನು! ಬ್ಯಾಲರ್ಡನ ಎರಡು ಸಿದ್ಧಾಂತಗಳೂ ಈ ಒಂದು ಮಸಿಗಾಗದದಲ್ಲಿ ಕೂಡಿರುವುದು ಸ್ವಾರಸ್ಯವಾಗಿದೆ. ಸದ್ದು 148 ವರ್ಷ ಒಂದು ವಸ್ತುವಿನ ಮೈಮೇಲೆ ಉಳಿದಿತ್ತು. ಆದರೆ ಅದು ಯಾರ ಸದ್ದೆಂಬುದು ಅದರ ಕಾಲಮಾನ ದೊರೆಯುವ ತನಕ ತಿಳಿಯಲಿಲ್ಲ.

ವೇಗಭೇದದಿಂದ ವಸ್ತುಭೇದವಾಗುವುದೇ ಎಂಬ ಪ್ರಶ್ನೆಗೆ ಭರ್ತೃಹರಿ ಭಾಷೆಯ ಕ್ಷೇತ್ರದಲ್ಲಿ ಉತ್ತರ ಕೊಟ್ಟಿದ್ದಾನೆ. ದ್ರುತ, ಮಧ್ಯಮ, ವಿಲಂಬಿತಗಳೆಂಬ ವೃತ್ತಿಭೇದ ವೈಕೃತಧ್ವನಿಗೆ ಸೇರಿದುದು, ಸ್ಫೋಟಕ್ಕೆ ಕಾಲಭೇದವಿಲ್ಲ. ಬೇಗ ನುಡಿದರೂ ತಡವಾಗಿ ನುಡಿದರೂ ಶಬ್ದ ಅದೇ. ಮಾತಿನ ಮಟ್ಟಿಗೆ ಇದನ್ನು ಒಪ್ಪಬಹುದು. ಮುದ್ರಿತ ಉಪನ್ಯಾಸಗಳನ್ನು ಒಂದೂವರೆ ಪಾಲು ವೇಗದಲ್ಲಿ ಕೇಳಿ ಪರೀಕ್ಷೆಗೆ ಸಿದ್ಧರಾಗುವ ಇಂದಿನ ವಿದ್ಯಾರ್ಥಿಗಳು ತಮಗರಿವಿಲ್ಲದೆಯೇ ಭರ್ತೃಹರಿಯ ಪಕ್ಷದವರು. (ಉಪನ್ಯಾಸಕರಿಗೆ ಇದು ಸಂತೋಷದ ಸುದ್ದಿಯಲ್ಲದಿರಬಹುದು.) ಸಂಗೀತದಲ್ಲಿ ಹಾಗಲ್ಲ. ಕರ್ನಾಟಕ ಸಂಗೀತದ ವಿದ್ವಾಂಸನು ಪಲ್ಲವಿಯನ್ನು ಮೂರು ಕಾಲಗಳಲ್ಲಿ ಹಾಡಿ ತೋರಿಸುವಾಗ ಸ್ವರಸ್ಥಾನಗಳು ಬದಲಾಗುವುದಿಲ್ಲ, ಸಾಹಿತ್ಯ ಬದಲಾಗುವುದಿಲ್ಲ. ಆದರೂ ಕೇಳುವವನಿಗೆ ಅವು ಮೂರು ಬೇರೆ ಅನುಭವಗಳು. ಅದೇ ಪಲ್ಲವಿಯೆಂದು ಬುದ್ಧಿ ಗುರುತಿಸುವುದೂ ಅದೇ ಅಲ್ಲವೆಂದು ಕಿವಿ ಹೇಳುವುದೂ ಒಟ್ಟಿಗೆ ನಡೆಯುವುದರಲ್ಲಿಯೇ ಆ ಪ್ರಯೋಗದ ಸುಖವಿದೆ. ಕಾಲವು ಸಂಗೀತಕ್ಕೆ ಪಾತ್ರೆಯಲ್ಲ, ದ್ರವ್ಯ. ಪಾತ್ರೆಯನ್ನು ಚಿಕ್ಕದು ಮಾಡಬಹುದು. ದ್ರವ್ಯವನ್ನೇ ತೆಗೆದರೆ ಏನು ಉಳಿದೀತು?

ಬ್ಯಾಲರ್ಡನಿಗೆ ಇದು ತಿಳಿದಿತ್ತೆಂಬುದಕ್ಕೆ ಕಥೆಯಲ್ಲಿ ಒಂದು ಸಾಕ್ಷಿಯಿದೆ. ಎಲ್ಲ ವಾದ್ಯಗಳಿಗೂ ಶ್ರವಣಾತೀತ ಪ್ರತಿರೂಪ ದೊರೆತ ಮೇಲೂ ಮನುಷ್ಯಕಂಠವೊಂದಕ್ಕೆ ದೊರೆಯಲಿಲ್ಲ. ಯಂತ್ರದಿಂದ ಹುಟ್ಟದ ನಾದವನ್ನು ಯಂತ್ರದಿಂದ ಮರುಹುಟ್ಟಿಸಲಾಗಲಿಲ್ಲ. ಆದುದರಿಂದಲೇ ಗಾಯಕರು ಎಲ್ಲರಿಗಿಂತ ಮೊದಲು ಕೆಲಸ ಕಳೆದುಕೊಂಡರು. ಕಥೆಗಾರನು ಕೊಡುವ ಈ ಕಾರಣಕ್ಕೆ ಇನ್ನೊಂದನ್ನು ಸೇರಿಸಬಹುದು. ಕಂಠದ ಕಾಲವೆಂದರೆ ಉಸಿರಿನ ಕಾಲ. ಕೇಶಿರಾಜನ ಕಹಳೆ ಊದಬೇಕಾದರೆ ಗಾಳಿ ಬೇಕು. ಗಾಳಿ ತೀರಿದಾಗ ನಿಲ್ಲಬೇಕು. ಪಿಟೀಲಿನ ಕಮಾನನ್ನು ಹಿಂದಕ್ಕೂ ಮುಂದಕ್ಕೂ ಎಳೆಯುತ್ತ ನಾದವನ್ನು ಎಡೆಬಿಡದೆ ನಡೆಸಬಹುದು. ಹಾಡುವ ದೇಹಕ್ಕೆ ಆ ಸ್ವಾತಂತ್ರ್ಯವಿಲ್ಲ. ಕುಗ್ಗಿಸಲಾಗದ ಒಂದು ಅವಧಿ ಮನುಷ್ಯಶರೀರದಲ್ಲಿ ಇದೆಯೆಂಬುದನ್ನು ಕಥೆ ತನ್ನ ಎರಡನೆಯ ಸಿದ್ಧಾಂತಕ್ಕೆ ತಾನೇ ಅಪವಾದವಾಗಿ ಇಟ್ಟುಕೊಂಡಿದೆ. ಹಾಗೆಯೇ ಶ್ರವಣಾತೀತ ಸಂಗೀತದ ಅಗ್ರಗಣ್ಯ ರಚನಕಾರನಾದ ರೇ ಆಲ್ಟೊ ತನ್ನ ಹೊಸ ಸಿಂಫೊನಿಗೆ ‘ಶೂನ್ಯಕೃತಿ’ ಎಂಬರ್ಥ ಬರುವ ಹೆಸರಿಟ್ಟಿರುವುದೂ ಆಕಸ್ಮಿಕವಲ್ಲ.

ಕಥೆಯ ಉತ್ತರಾರ್ಧ ಪೂರ್ವಾರ್ಧಕ್ಕೆ ಸಮನಾಗಿಲ್ಲ. ಗುಡಿಸಿದ ಸದ್ದುಗಳನ್ನೆಲ್ಲ ಊರಾಚೆ ಸುರಿಯುವ ತಿಪ್ಪೆಯೊಂದಿದೆ. ಆ ಬಯಲಿನ ವರ್ಣನೆ ಈ ಕಥೆಯ ಅತ್ಯುತ್ತಮ ಭಾಗಗಳಲ್ಲೊಂದು. ಒಂದು ನಗರದ ಮಾತೆಲ್ಲ ರಾಶಿಬಿದ್ದಿರುವ ಅಲ್ಲಿಂದ ಪಾತ್ರಗಳು ಹೆಕ್ಕಿ ತರುವುದಾದರೂ ಏನನ್ನು? ಜೊಕಾಂಡಾಳ ಹಿಂದಿನ ಪ್ರಿಯನೂ ಪ್ರಸಾರಸಂಸ್ಥೆಯ ಒಡೆಯನೂ ಆದ ಲೆಗ್ರಾಂಡನ ಗುಟ್ಟಿನ ಮಾತುಗಳನ್ನು. ಅವನನ್ನು ಬೆದರಿಸಿ ಮತ್ತೆ ರಂಗವೇರುವ ಅವಕಾಶವನ್ನು ಪಡೆಯುವುದಕ್ಕಾಗಿ. ಇಷ್ಟು ದೊಡ್ಡ ಕಲ್ಪನೆಯನ್ನು ಇಷ್ಟು ಸಣ್ಣ ಕೆಲಸಕ್ಕೆ ಹಚ್ಚಿರುವುದು ಪತ್ರಿಕಾಕಥೆಯ ಅಭ್ಯಾಸಬಲ. ಆಕೆಯ ಒಲುಮೆಯ ಭರವಸೆಯಿಂದ ಮ್ಯಾಂಗನ್ನನಿಗೆ ಮಾತು ಮರಳುವುದೂ ತಿರಸ್ಕಾರದಿಂದ ಮತ್ತೆ ಹೋಗುವುದೂ ಅನುಕೂಲಕ್ಕೆ ತಕ್ಕಂತೆ ನಡೆಯುವ ಘಟನೆಗಳು. ಜೊಕಾಂಡಾಳ ಚಿತ್ರಣದಲ್ಲಿಯೂ ವಯಸ್ಸಾದ ಗಾಯಕಿಯನ್ನು ಕುರಿತ ಒಂದು ಅಗ್ಗದ ನಗೆ ಸೇರಿಕೊಂಡಿದೆ. ಆಕೆಯ ಕಲೆ ಒಂದು ಕಾಲದಲ್ಲಿ ಏನಾಗಿತ್ತೆಂಬುದನ್ನು ನಾವು ಕೇಳಿ ತಿಳಿಯಬೇಕೇ ಹೊರತು ಪುಟಗಳಲ್ಲಿ ಕಾಣಲಾರೆವು.

ಆದರೂ ಕೊನೆಯ ದೃಶ್ಯ ಈ ದೋಷಗಳನ್ನು ಮೀರಿ ನಿಲ್ಲುತ್ತದೆ, ಏಕೆಂದರೆ ಅಲ್ಲಿ ಎರಡು ಸಿದ್ಧಾಂತಗಳೂ ಮುಖಾಮುಖಿಯಾಗುತ್ತವೆ. ಆಲ್ಟೊವಿನ ಶ್ರವಣಾತೀತ ಸಿಂಫೊನಿಯ ಮೊದಲ ಪ್ರಯೋಗದಲ್ಲಿಯೇ ಜೊಕಾಂಡಾ ಹಾಡುವುದೆಂದು ಗೊತ್ತಾಗಿದೆ. ಆಕೆಯ ಕಂಠ ಹಾಳಾಗಿರುವುದನ್ನು ಬಲ್ಲವರು ಮ್ಯಾಂಗನ್ನನನ್ನು ರಂಗದ ಬಳಿ ಸೋನೊವ್ಯಾಕಿನೊಡನೆ ಅಡಗಿಸಿಡುತ್ತಾರೆ. ಆಕೆ ಹಾಡಿದಂತೆಲ್ಲ ಅವನು ಹೀರುತ್ತ ಹೋಗಬೇಕು, ಸಭೆಗೆ ಏನೂ ಕೇಳಿಸಬಾರದು. ಹುಟ್ಟಿದ ಕ್ಷಣದಲ್ಲಿಯೇ ನಾದಶೇಷವಾಗುವ ಹಾಡು! ಹಿಂದೆ ಇಲ್ಲದ ಚಪ್ಪಾಳೆಯನ್ನು ಗುಡಿಸಿದಂತೆ ನಟಿಸಿ ಆಕೆಯನ್ನು ಕಾಪಾಡಿದ್ದವನು ಈಗ ಇರುವ ಹಾಡನ್ನು ನಿಜವಾಗಿಯೂ ಗುಡಿಸಿ ಕಾಪಾಡಬೇಕಾಗಿದೆ. ಆಕೆಯಿಂದ ಅವಮಾನಿತನಾದ ಅವನು ಯಂತ್ರವನ್ನು ಒಡೆದುಹಾಕುತ್ತಾನೆ. ಬಿರುಕುಬಿಟ್ಟ ಕಂಠ ಸಭೆಯ ಮೇಲೆ ಎರಗುತ್ತದೆ, ಜನ ಚೆದರುತ್ತಾರೆ, ಆಕೆ ಹಾಡುತ್ತಲೇ ಇರುತ್ತಾಳೆ.

ಕಥೆ ಅಲ್ಲಿಗೆ ಮುಗಿಯುತ್ತದೆ. ಆದರೆ ಆ ಲೋಕದ ನಿಯಮ ಅಲ್ಲಿಗೆ ಮುಗಿಯುವುದಿಲ್ಲ. ಜೊಕಾಂಡಾಳ ಆ ರಾತ್ರಿಯ ಹಾಡು ಅಲ್ಲಿಯ ಗೋಡೆಗಳಲ್ಲಿ, ಪೀಠಗಳಲ್ಲಿ, ಮುರಿದ ಯಂತ್ರದ ತಗಡಿನಲ್ಲಿ ಪದರಗಟ್ಟಿ ಉಳಿದಿರಬೇಕು. ಬೆಳಗ್ಗೆ ಯಾರಾದರೂ ಬಂದು ಅದನ್ನು ಗುಡಿಸಬೇಕು. ಆ ಸದ್ದಿನಲ್ಲಿ ಆಕೆಯ ಧ್ವನಿಯಾವುದು, ಓಡಿದವರ ಕಾಲಸಪ್ಪಳವಾವುದು ಎಂದು ಬಿಡಿಸಿ ತೆಗೆಯಬಲ್ಲವನು ಒಬ್ಬನೇ ಇದ್ದನು, ಅವನು ಹೊರಟುಹೋಗಿದ್ದಾನೆ.